ಬಾದಾಮಿಗೆ ಬಂದರೆ ಮೊದಲು ಉತ್ತರದ ಗುಡ್ಡ ಹತ್ತಿ

ಬಾಗಲಕೋಟೆಯ ನಮ್ಮ ಮನೆಗೆ ನೆಂಟರು ಬಂದರೆ ಬಾದಾಮಿ ತೋರಿಸುವ ಕೆಲಸ ನನ್ನ ಪಾಲಿಗೇ ಬರುತ್ತದೆ. ಎಲ್ಲರೂ ಮೊದಲು ಕೇಳುವುದು ಗುಹೆಗಳನ್ನೇ. ನಾನು ಒಪ್ಪುವುದಿಲ್ಲ. ಬೆಳಿಗ್ಗೆ ಉತ್ತರದ ಗುಡ್ಡ, ಗುಹೆ ಏನಿದ್ದರೂ ಮಧ್ಯಾಹ್ನದ ಮೇಲೆ.

ರೈಲಿಗೆ ಬರುವವರು ನೆನಪಿಡಿ, ಸ್ಟೇಷನ್ ಊರಿನಿಂದ ಸುಮಾರು 5 ಕಿಲೋಮೀಟರ್ ದೂರ. ಬಿಸಿಲೇರುವ ಮೊದಲೇ ಅಗಸ್ತ್ಯ ತೀರ್ಥ ಅನ್ನುವ ಕೆರೆಯ ದಂಡೆಯ ಮ್ಯೂಸಿಯಂ ಹತ್ತಿರ ಇಳಿದುಬಿಡಿ. ಶುಕ್ರವಾರ ಮ್ಯೂಸಿಯಂಗೆ ರಜೆ, ಗುಡ್ಡಕ್ಕಲ್ಲ. ಕೈಯಲ್ಲಿ ಪ್ಲಾಸ್ಟಿಕ್ ಚೀಲ ಬೇಡವೇ ಬೇಡ. ಅದರ ಪರಪರ ಸದ್ದಿಗೇ ಮಂಗಗಳು ಓಡಿ ಬರುತ್ತವೆ. ನೀರು, ತಿಂಡಿ ಎಲ್ಲ ಬೆನ್ನಿನ ಬ್ಯಾಗಿನೊಳಗಿರಲಿ, ಜಿಪ್ ಎಳೆದಿರಲಿ.

ಮ್ಯೂಸಿಯಂ ಮಗ್ಗುಲಿಂದ ಮೆಟ್ಟಿಲು ಶುರು. ಸ್ವಲ್ಪ ಮೇಲೇರಿದರೆ ಎರಡೂ ಕಡೆ ಎತ್ತರದ ಬಂಡೆ, ನಡುವೆ ಇಕ್ಕಟ್ಟಾದ ಸಂದಿ. ಇಲ್ಲಿ ಅವಸರ ಮಾಡಬೇಡಿ. ಬಂಡೆಯ ಮೈ ನೋಡಿ. ಕೆಂಪು ಮರಳುಗಲ್ಲು, ಪದರದ ಮೇಲೆ ಪದರ. ಕೆಲವು ಕಡೆ ಪದರಗಳು ಓರೆಯಾಗಿರುತ್ತವೆ. ಹರಿಯುವ ನೀರು ಮರಳನ್ನು ತಂದು ಸುರಿದ ಗುರುತು ಅದು, ಕೋಟಿಗಟ್ಟಲೆ ವರ್ಷದ ಹಿಂದಿನದು. ಆಮೇಲೆ ಬಂಡೆ ಸೀಳಿತು, ಮಳೆನೀರು ಆ ಸೀಳನ್ನು ಅಗಲ ಮಾಡಿತು. ಚಾಲುಕ್ಯರಿಗೆ ಪುಕ್ಕಟೆ ಕೋಟೆಗೋಡೆ ಸಿಕ್ಕಿತು! ಈ ಸಂದಿಯಲ್ಲಿ ನಾಲ್ಕು ಜನ ಅಡ್ಡ ನಿಂತರೆ ಯಾವ ಪಡೆ ತಾನೇ ಸುಲಭಕ್ಕೆ ದಾಟೀತು?

ವಾತಾಪಿಯ, ಅಂದರೆ ಬಾದಾಮಿಯ ಗುಡ್ಡವನ್ನು ಕೋಟೆ ಮಾಡಿದ್ದನ್ನು ಚಾಲುಕ್ಯರ ಒಂದನೇ ಪುಲಕೇಶಿ ಕ್ರಿ.ಶ. 543ರಲ್ಲಿ ಇಲ್ಲಿನ ಬಂಡೆ ಮೇಲೆಯೇ ಬರೆಸಿದ. ಆದರೂ 642ರ ಹೊತ್ತಿಗೆ ಪಲ್ಲವರ ನರಸಿಂಹವರ್ಮ ಊರು ಹಿಡಿದ. ಹಿಡಿದವನು ಸುಮ್ನೆ ಹೋಗಲಿಲ್ಲ, ಅವನೂ ಇದೇ ಊರಿನ ಬಂಡೆಗೆ ಶಾಸನ ಕೆತ್ತಿಸಿದ.

ಮೇಲೆ ಹೋದಂತೆ ಕೆಳಗಿನ ಶಿವಾಲಯ, ಧಾನ್ಯದ ದುಂಡು ಕಣಜಗಳು, ಕಡೆಗೆ ಮೇಲಿನ ಶಿವಾಲಯ. ಈ ಗುಡಿಯ ಬುಡವನ್ನು ಒಂದು ಸುತ್ತು ಬಂದು ನೋಡಿ, ಕೃಷ್ಣನ ಕಥೆ ಕೆತ್ತಿದ್ದಾರೆ. ಆಮೇಲೆ ಕೆರೆಯ ಕಡೆ ತಿರುಗಿ ನಿಲ್ಲಿ. ಎರಡು ಗುಡ್ಡ, ನಡುವೆ ನೀರು, ಪಡುವಣಕ್ಕೆ ಊರು. ರಾಜಧಾನಿ ಇಲ್ಲೇ ಯಾಕೆ ಅಂತ ಯಾರೂ ಹೇಳಬೇಕಾಗಿಲ್ಲ. ಆದರೆ ಅಂಚಿಗೆ ಹೋಗಬೇಡಿ, ಮಕ್ಕಳ ಕೈ ಹಿಡಿದುಕೊಳ್ಳಿ. ಸೆಲ್ಫಿ ಹುಚ್ಚಿನವರ ಕೈಯನ್ನೂ. ಮಳೆಗಾಲದಲ್ಲಿ ಮೆಟ್ಟಿಲು ಜಾರುತ್ತವೆ.

ಇಳಿದ ಮೇಲೆ ಕಪ್ಪೆ ಅರಭಟ್ಟನ ಶಾಸನ ಕೇಳಿಕೊಂಡು ಹೋಗಿ. ಕೆರೆಯ ಮೇಲಿನ ಬಂಡೆಯಲ್ಲಿದೆ, ಕನ್ನಡದ ಹಳೆಯ ತ್ರಿಪದಿ. ‘ಸಾಧುಗೆ ಸಾಧು, ಮಾಧುರ್ಯಂಗೆ ಮಾಧುರ್ಯಂ’ ಅನ್ನುವ ಸಾಲು ಇರುವುದು ಇಲ್ಲೇ. ಭೂತನಾಥ ಗುಡಿ ಕೆರೆಯ ಮೂಡಣ ತುದಿಗಿದೆ, ನೀರಿಗೆ ಚಾಚಿದ ಜಾಗದಲ್ಲಿ.

ಊಟಕ್ಕೆ ಬನಶಂಕರಿ. ಗುಡಿ ಹತ್ತಿರ ಹೆಂಗಸರು ಬುಟ್ಟಿಯಲ್ಲಿ ಜೋಳದ ರೊಟ್ಟಿ, ಚಟ್ನಿ, ಮೊಸರು ಇಟ್ಟುಕೊಂಡು ಕೂತಿರುತ್ತಾರೆ. ಹೋಟೆಲ್ ಹುಡುಕಬೇಡಿ.

ಇನ್ನು ಗುಹೆಗಳು. ಜಾಸ್ತಿ ಹೊತ್ತು ಮೂರನೆಯದಕ್ಕೆ ಇರಲಿ. ಅಲ್ಲಿ ಚಾಲುಕ್ಯರ ಮಂಗಳೇಶನ 578ರ ಶಾಸನವಿದೆ. ನಾಲ್ಕನೆಯದು ಜೈನರದ್ದು, ಚಿಕ್ಕದು. ಸುಸ್ತಾಯಿತು ಅಂತ ಜನ ಬಿಟ್ಟು ಬರುವುದು ಅದನ್ನೇ. ನೀವು ಬಿಡಬೇಡಿ.