ಸುಸ್ತಿ ಸಾಲಕ್ಕೆ ಲೋಕ ಅದಾಲತ್‌ನಲ್ಲಿ ರಾಜಿ: ಕಂತಿನ ತಾರೀಕು ನೋಡಿ ಸಹಿ ಹಾಕಿ

ಲೋಕ ಅದಾಲತ್‌ನಿಂದ ಬಂದವರೆಲ್ಲ ಮೊದಲು ಹೇಳುವುದು "ಇಷ್ಟು ಬಡ್ಡಿ ಬಿಟ್ರು" ಅಂತ. ಯಾವ ತಾರೀಕಿಗೆ ಕಟ್ಟಬೇಕು ಅಂದರೆ ಕಾಗದ ಹುಡುಕುತ್ತಾರೆ. ತೀರ್ಥಹಳ್ಳಿ ಕಡೆಯ ಪರಿಚಯದ ಬೆಳೆಗಾರರೊಬ್ಬರು ಹೀಗೇ ಸಹಿ ಹಾಕಿದ್ದರು. ಮೊದಲ ಕಂತು ಆಗಸ್ಟ್‌ನಲ್ಲಿ. ಅಡಿಕೆ ಇನ್ನೂ ಮರದಲ್ಲಿ, ಹೊರಗೆ ಬಿಡದ ಮಳೆ, ಕೊಳೆರೋಗಕ್ಕೆ ಔಷಧಿ ಹೊಡೆದವರ ಕೂಲಿಯೇ ಬಾಕಿ. ಕಂತು ತಪ್ಪಿತು. ಬಿಟ್ಟಿದ್ದ ಬಡ್ಡಿಯೂ ವಾಪಸ್ ಬಂತು.

ಮೊದಲು ಬ್ಯಾಂಕಿನಿಂದ ಸಾಲದ ಖಾತೆಯ ಲೆಕ್ಕ ತೆಗೆಸಿ. ಅಸಲು, ಬಡ್ಡಿ, ಸುಸ್ತಿ ಬಡ್ಡಿ, ನೋಟಿಸ್ ಖರ್ಚು ಬೇರೆಬೇರೆ ಕಾಣಬೇಕು.

ಆಮೇಲೆ ತಾಲ್ಲೂಕು ಕೋರ್ಟಿನಲ್ಲಿರುವ ಕಾನೂನು ಸೇವಾ ಸಮಿತಿಗೆ ಅರ್ಜಿ ಕೊಡಿ. ಶಿವಮೊಗ್ಗ ತಾಲ್ಲೂಕಿನವರಾದರೆ ಜಿಲ್ಲಾ ಕಾನೂನು ಸೇವಾ ಪ್ರಾಧಿಕಾರಕ್ಕೆ. ಕೇಸು ಹಾಕುವ ಮುಂಚೆಯೂ ಆಗುತ್ತದೆ, ಶುಲ್ಕ ಇಲ್ಲ. ಸಂಶಯವಿದ್ದರೆ ಕಾನೂನು ಸೇವೆಯ ಸಹಾಯವಾಣಿ 15100ಕ್ಕೆ ಫೋನ್ ಮಾಡಿ. "ಸಾಲ ಅರ್ಧ ಮಾಡಿಸಿಕೊಡ್ತೀನಿ" ಅಂತ ಕಮಿಷನ್ ಕೇಳುವವರಿಗೆ ಒಂದು ರೂಪಾಯಿಯನ್ನೂ ಕೊಡಬೇಡಿ.

ಮನೆ ಅಡವಿಟ್ಟು, ಸರ್ಫೇಸಿ ಕಾಯ್ದೆಯ (ಕೋರ್ಟಿಗೆ ಹೋಗದೆಯೇ ಅಡವಿಟ್ಟ ಆಸ್ತಿ ವಶಕ್ಕೆ ತೆಗೆದುಕೊಳ್ಳಲು ಬ್ಯಾಂಕಿಗೆ ಅಧಿಕಾರ ಕೊಡುವ ಕಾಯ್ದೆ) 60 ದಿನದ ನೋಟಿಸ್ ಬಂದಿದ್ದರೆ ಸುಮ್ನೆ ಕೂರಬೇಡಿ. ಆಕ್ಷೇಪಣೆ ಬರೆದು ಕೊಡಿ, ಬ್ಯಾಂಕು 15 ದಿನದೊಳಗೆ ಉತ್ತರಿಸಬೇಕು. ಮನೆ ವಶಕ್ಕೆ ತೆಗೆದುಕೊಂಡರೆ ಬೆಂಗಳೂರಿನ ಸಾಲ ವಸೂಲಾತಿ ನ್ಯಾಯಮಂಡಳಿಗೆ ಹೋಗಲು 45 ದಿನ ಮಾತ್ರ. ಸಾಗುವಳಿಯಲ್ಲಿರುವ ಕೃಷಿ ಜಮೀನಿಗೆ ಆ ಕಾಯ್ದೆ ಅನ್ವಯಿಸುವುದಿಲ್ಲ.

ಜನ ಎಡವುವುದು ಸಹಿ ಹಾಕುವ ಹೊತ್ತಿನಲ್ಲಿ. ಅದಾಲತ್‌ನ ತೀರ್ಪು ಸಿವಿಲ್ ಕೋರ್ಟಿನ ಡಿಕ್ರಿಗೆ ಸಮ, ಮೇಲ್ಮನವಿ ಇಲ್ಲ. ಕಟ್ಟದಿದ್ದರೆ ಬ್ಯಾಂಕು ನೇರ ಅಮಲ್ಜಾರಿಗೆ, ಅಂದರೆ ತೀರ್ಪನ್ನು ಜಾರಿ ಮಾಡಿಸಲು, ಹೋಗಬಹುದು. ಹಾಗಾಗಿ ರಾಜಿ ಪತ್ರವನ್ನು ಕೂತು ಓದಿ, ಓದಲು ಬಾರದಿದ್ದರೆ ಓದಿಸಿ ಕೇಳಿ. ಒಟ್ಟು ಮೊತ್ತ ಅಂಕಿಯಲ್ಲೂ ಅಕ್ಷರದಲ್ಲೂ ಇದೆಯಾ? ಇವತ್ತಿನಿಂದ ಬಡ್ಡಿ ನಿಲ್ಲುತ್ತದೆ ಅಂತ ಬರೆದಿದೆಯಾ? ಜಾಮೀನುದಾರರ ಹೊಣೆಯೂ ಮುಗಿಯುತ್ತದಾ? "ಒಂದು ಕಂತು ತಪ್ಪಿದರೂ ಪೂರ್ತಿ ಬಾಕಿ" ಅಂತ ಇದ್ದರೆ ಒಂದು ತಿಂಗಳ ಕಾಲಾವಕಾಶ ಸೇರಿಸಲು ಕೇಳಿ. ಕಂತುಗಳನ್ನು ಅಡಿಕೆ ಸುಲಿದು, ಬೇಯಿಸಿ, ಒಣಗಿಸಿ, ಮಂಡಿಗೆ ಹಾಕಿ ದುಡ್ಡು ಕೈಗೆ ಬರುವ ಫೆಬ್ರವರಿ, ಮಾರ್ಚ್‌ಗೇ ಹಾಕಿಸಿ. ಮಳೆಗಾಲದ ತಾರೀಕಿಗೆ ಖಂಡಿತ ಒಪ್ಪಬೇಡಿ. ಒಪ್ಪಿಗೆಯಾಗದಿದ್ದರೆ ಸಹಿ ಹಾಕದೆ ಎದ್ದು ಬನ್ನಿ. ಅಲ್ಲಿ ಯಾರೂ ಬಲವಂತ ಮಾಡುವಂತಿಲ್ಲ. ಕೋರ್ಟಿನಲ್ಲಿದ್ದ ಕೇಸು ಅಲ್ಲಿಗೇ ವಾಪಸ್ ಹೋಗುತ್ತದೆ, ಅಷ್ಟೇ.

ದುಡ್ಡನ್ನು ಸಾಲದ ಖಾತೆಗೇ ಕಟ್ಟಿ, ರಸೀದಿ ಇಟ್ಟುಕೊಳ್ಳಿ. ವಸೂಲಿಗೆ ಬಂದವರ ಕೈಗೆ ಕೊಡಬೇಡಿ.

ಕೊನೆ ಕಂತು ಮುಗಿದ ದಿನವೇ ಬಾಕಿ ಇಲ್ಲದ ಪತ್ರ ಕೇಳಿ. ರಿಸರ್ವ್ ಬ್ಯಾಂಕಿನ 2023ರ ಸೂಚನೆಯಂತೆ ಮನೆ ಸಾಲದಂಥ ವೈಯಕ್ತಿಕ ಸಾಲಗಳಲ್ಲಿ ಆಸ್ತಿಯ ಮೂಲ ಪತ್ರಗಳು 30 ದಿನದೊಳಗೆ ಕೈಸೇರಬೇಕು. ಬ್ಯಾಂಕಿನ ಕಾರಣದಿಂದ ತಡವಾದರೆ ದಿನಕ್ಕೆ 5,000 ರೂಪಾಯಿ ಪರಿಹಾರ. ತೋಟದ ಮೇಲೆ ಸಾಲವಿದ್ದವರು ಹೊಸ ಪಹಣಿ ತೆಗೆಸಿ, ಋಣದ ಕಾಲಂನಲ್ಲಿ ಬ್ಯಾಂಕಿನ ಹೆಸರು ಹೋಗಿದೆಯಾ ಅಂತ ನೋಡಿಕೊಳ್ಳಿ.