ಕೆಲ್ಸಾನೂ ಇದೆ ಜನಾನೂ ಇದಾರೆ, ಆದ್ರೂ ಸಿಗಲ್ಲ ಯಾಕೆ? ಎರಡೂ ಕಡೆ ಕೂತ ನನ್ನ ಅನುಭವ

ಐದು ತಿಂಗ್ಳು ಕೆಲ್ಸ ಇಲ್ದೆ ಮನೇಲಿದ್ದೆ. ಬೆಳಗ್ಗೆ ಎದ್ದು ಲಿಂಕ್ಡ್‌ಇನ್ ತೆಗ್ದು ಕಣ್ಣಿಗೆ ಬಿದ್ದಿದ್ದಕ್ಕೆಲ್ಲಾ ಅದೇ ರೆಸ್ಯೂಮೆ ಕಳ್ಸೋದು, ಉತ್ರನೇ ಬರ್ತಿರ್ಲಿಲ್ಲ. ಕ್ಲೋಸ್ ಫ್ರೆಂಡ್ಸ್‌ಗೆಲ್ಲಾ ಹೇಳಿದ್ದೆ, ಪಾಪ ಅವ್ರೂ ತುಂಬಾ ಓಡಾಡಿದ್ರು, ಆದ್ರೆ ಅವ್ರಿಗೆ ಗೊತ್ತಿದ್ದ ಓಪನಿಂಗ್ ಎಲ್ಲಾ ನಂಗೂ ಮೊದ್ಲೇ ಗೊತ್ತಿರ್ತಿತ್ತು. ಕೊನೆಗೆ ದಾರಿ ತೋರ್ಸಿದ್ದು ಹಳೇ ಆಫೀಸಲ್ಲಿ ಬೇರೆ ಟೀಮಲ್ಲಿದ್ದ ಒಬ್ರು, ಮೂರು ವರ್ಷ ಮಾತೇ ಆಡಿರ್ಲಿಲ್ಲ, ಮೆಸೇಜ್ ಹಾಕೋಕೆ ಎರಡು ದಿನ ಹಿಂದೆಮುಂದೆ ನೋಡಿದ್ದೆ. "ನಮ್ಮಲ್ಲಿ ಒಬ್ರು ಬಿಡ್ತಿದಾರೆ, ಇನ್ನೂ ಹೊರಗೆ ಹಾಕಿಲ್ಲ, ಇವತ್ತೇ ಕಳ್ಸಿ" ಅಂದ್ರು.

ಇದು ನನ್ನೊಬ್ಬನ ಅದೃಷ್ಟ ಅಲ್ಲ ಅಂತ ಆಮೇಲೆ ಗೊತ್ತಾಯ್ತು. ಮಾರ್ಕ್ ಗ್ರಾನೊವೆಟರ್ ಅನ್ನೋ ಅಮೆರಿಕದ ಸಮಾಜಶಾಸ್ತ್ರಜ್ಞರು 1973ರಲ್ಲೇ ಇದನ್ನ ಬರ್ದಿದಾರೆ. ಪರಿಚಯದವ್ರಿಂದ ಕೆಲ್ಸ ಸಿಕ್ಕವ್ರನ್ನ ಅವ್ರು ಕೇಳಿದಾಗ, ಆ ಪರಿಚಯದವ್ರನ್ನ ಪದೇಪದೇ ನೋಡ್ತಿದ್ವಿ ಅಂದೋರು ಶೇ. 17ರಷ್ಟು ಮಾತ್ರ, ಮಿಕ್ಕವ್ರೆಲ್ಲಾ ಯಾವಾಗ್ಲೋ ಒಮ್ಮೆ ಇಲ್ಲಾ ಅಪರೂಪಕ್ಕೆ ನೋಡ್ತಿದ್ದೋರು.

ಎರಡು ವರ್ಷ ಆದ್ಮೇಲೆ ನಾನೇ ಜನ ತಗೊಳ್ಳೋ ಕಡೆ ಕೂತೆ. ಒಂದೇ ಪೋಸ್ಟಿಗೆ ಮುನ್ನೂರು ಚಿಲ್ರೆ ಅರ್ಜಿ ಬಂತು, ರಾತ್ರಿ ಹನ್ನೊಂದಕ್ಕೆ ಒಂದೊಂದೇ ತೆಗ್ದು ಓದ್ತಾ ಹೋದ್ರೆ ಎಲ್ಲದ್ರಲ್ಲೂ ಅದೇ "ಟೀಮ್ ಪ್ಲೇಯರ್, ಹಾರ್ಡ್ ವರ್ಕಿಂಗ್", ಐವತ್ತು ದಾಟೋ ಹೊತ್ತಿಗೆ ಯಾರು ಯಾರು ಅಂತ್ಲೇ ನೆನಪಿರ್ತಿರ್ಲಿಲ್ಲ. ನಂದೂ ಹೀಗೇ ಯಾರ್ದೋ ಸ್ಕ್ರೀನಲ್ಲಿ ಜಾರಿ ಹೋಗಿರ್ಬೇಕು ಅಂತ ಹೊಟ್ಟೆ ಚುರ್ ಅಂತು. ಅಂಥಾ ಟೈಮಲ್ಲಿ ಗೊತ್ತಿರೋ ಒಬ್ರು "ಇವ್ರ ಜೊತೆ ಕೆಲ್ಸ ಮಾಡಿದೀನಿ" ಅಂದ್ರೆ ಅದು ವಶೀಲಿ ಅಲ್ಲ, ರೆಸ್ಯೂಮೆ ಹೇಳ್ದೇ ಇರೋ ಮಾಹಿತಿ. ಖಾಲಿ ಹುದ್ದೆನೂ ನಿರುದ್ಯೋಗಾನೂ ಒಟ್ಟೊಟ್ಟಿಗೇ ಯಾಕಿರತ್ತೆ, ಹುಡುಕಾಟಕ್ಕೆ ಎರಡೂ ಕಡೆ ಎಷ್ಟು ಟೈಮು ದುಡ್ಡು ಹೋಗತ್ತೆ ಅಂತ ವಿವರ್ಸಿದ್ದಕ್ಕೇ ಡೈಮಂಡ್, ಮಾರ್ಟೆನ್ಸನ್, ಪಿಸಾರೈಡ್ಸ್ ಮೂವರಿಗೂ 2010ರಲ್ಲಿ ಅರ್ಥಶಾಸ್ತ್ರದ ನೊಬೆಲ್ ಬಂದಿದ್ದು.

ಮುಂದಿನ ಸಲ ಜಾಹೀರಾತಲ್ಲಿ ಸಂಬಳ ಎಷ್ಟರಿಂದ ಎಷ್ಟು, ಮೊದ್ಲ ಮೂರು ತಿಂಗ್ಳು ಏನ್ ಮಾಡ್ಬೇಕು, ಇದೆರಡೂ ಬಿಡಿಸಿ ಬರ್ದೆ. ಅರ್ಜಿ ಕಮ್ಮಿ ಬಂತು, ಆದ್ರೆ ಕೊನೇ ರೌಂಡಲ್ಲಿ ಸಂಬಳ ಕೇಳಿ ಜನ ಎದ್ದು ಹೋಗೋದು ನಿಂತುಹೋಯ್ತು. ರೆಫರಲ್, ಅಂದ್ರೆ ಪರಿಚಯದವ್ರ ಶಿಫಾರಸು, ಅದೊಂದನ್ನೇ ನಂಬೋದನ್ನೂ ಬಿಟ್ಟೆ, ಯಾಕಂದ್ರೆ ಆಗ ನಮ್ಮಂಥೋರೇ ಮತ್ತೆ ಮತ್ತೆ ಒಳಗೆ ಬರ್ತಾರೆ, ಪರಿಚಯ ಇಲ್ದಿರೋ ಒಳ್ಳೇ ಕೆಲಸಗಾರ ಬಾಗಿಲಲ್ಲೇ ಉಳೀತಾನೆ. ಈಗ ರೆಫರಲ್ ಇರೋರಿಗೂ ಇಲ್ದೋರಿಗೂ ಒಂದೇ ಚಿಕ್ಕ ಟಾಸ್ಕ್ ಕೊಡ್ತೀನಿ.

ಹುಡುಕ್ತಿರೋರು ಹಳೇ ಪರಿಚಯದವ್ರಿಗೆ ಮೆಸೇಜ್ ಹಾಕುವಾಗ "ಏನಾದ್ರೂ ಇದ್ರೆ ಹೇಳಿ" ಅಂತ ಬಿಡ್ಬೇಡಿ. ಯಾವ ಕೆಲ್ಸ ಬೇಕು, ಹಿಂದೆ ಏನ್ ಮಾಡಿದ್ದೀರಿ, ಯಾವತ್ತಿಂದ ಸೇರ್ಬೋದು ಅಂತ ಮೂರೇ ಸಾಲು ಬರೀರಿ, ಅವ್ರು ಅದನ್ನ ಹಾಗೇ ಮ್ಯಾನೇಜರಿಗೆ ಫಾರ್ವರ್ಡ್ ಮಾಡೋ ಹಾಗಿರ್ಲಿ.