ಕಾರ್ಖಾನೆಯಲ್ಲಿ ಮನೆ ಮಾಡಿದವರು

ನನ್ನ ನಕ್ಷೆಯ ಪ್ರಕಾರ ಐದನೆಯವರ ಮನೆ ವಸಂತನರಸಾಪುರ ಕೈಗಾರಿಕಾ ಪ್ರದೇಶದ ಒಳಗಿತ್ತು. ಶೆಡ್ಡುಗಳ ನಡುವೆ ಯಾರು ಸಂಸಾರ ಹೂಡುತ್ತಾರೆ?

ತುಮಕೂರಿನ ಜನ ಎಲ್ಲಿಂದ ಎಲ್ಲಿಗೆ ಓಡಾಡುತ್ತಾರೆ ಎಂಬುದನ್ನು ಮೊಬೈಲ್ ಟವರುಗಳ ಮೂಲಕ ನೋಡಲು ಹೊರಟಿದ್ದೆ. ಕಂಪನಿಗಳ ಕರೆ ದಾಖಲೆ ನನ್ನಂಥವನ ಕೈಗೆ ಸಿಗುವುದಿಲ್ಲ, ಸಿಗಲೂಬಾರದು. ಪರಿಚಯದ ಹನ್ನೊಂದು ಮಂದಿಯನ್ನು ಒಪ್ಪಿಸಿ, ಅವರ ಫೋನಿಗೆ ಒಂದು ಸಣ್ಣ ಆ್ಯಪ್ ಹಾಕಿದೆ. ಯಾವ ಹೊತ್ತಿನಲ್ಲಿ ಯಾವ ಟವರಿನ ಸಂಪರ್ಕ ಎಂಬುದಷ್ಟನ್ನೇ ಅದು ಬರೆದಿಡುತ್ತಿತ್ತು. ಹೆಸರಿನ ಜಾಗದಲ್ಲಿ ಸಂಖ್ಯೆ.

ರಾತ್ರಿ ಹೆಚ್ಚು ಹೊತ್ತು ಕಾಣುವ ಟವರಿನ ಸುತ್ತಲೇ ಮನೆ ಎಂದು ಹಿಡಿಯುವುದು ಈ ಕೆಲಸದ ಹಳೆಯ ರೂಢಿ. ನಾನೂ ಕಣ್ಣು ಮುಚ್ಚಿ ಅದನ್ನೇ ಹಿಡಿದೆ. ಐದನೆಯವರದು ರಾತ್ರಿ ಪಾಳಿ. ವಾರದ ರಜೆಯ ರಾತ್ರಿಗಳನ್ನಷ್ಟೇ ಲೆಕ್ಕಕ್ಕೆ ತೆಗೆದುಕೊಂಡ ಮೇಲೆ ಅವರು ಬಟವಾಡಿಯ ಮನೆಗೆ ಮರಳಿದರು.

ಕ್ಯಾತ್ಸಂದ್ರದ ಅಜ್ಜನ ಕಥೆ ಇನ್ನೂ ಸೊಗಸು. ಮಂಡಿನೋವಿನಿಂದ ಮಂಚ ಬಿಟ್ಟು ಏಳಲಾರದವರು ಒಂದೇ ರಾತ್ರಿಯಲ್ಲಿ ನಲವತ್ತು ಸಲ ಎರಡು ಟವರುಗಳ ನಡುವೆ ಓಡಾಡಿದ್ದರು! ಎರಡೂ ಟವರುಗಳ ಸಿಗ್ನಲ್ ಸರಿಸಮವಾಗಿದ್ದರೆ ಫೋನು ಹೀಗೆ ಅತ್ತಿತ್ತ ಜಿಗಿಯುತ್ತದೆ. ಐದು ನಿಮಿಷದೊಳಗೆ ಹೋಗಿ ಬಂದದ್ದನ್ನೆಲ್ಲ ಅಳಿಸಿಹಾಕಿದೆ. ಅಜ್ಜ ಮಲಗಿದರು.

ಖುಷಿ ಕೊಟ್ಟದ್ದು ಬೆಂಗಳೂರಿಗೆ ದಿನವೂ ಹೋಗಿಬರುವ ಮೂವರ ಜಾಡು. ದಾಬಸ್‌ಪೇಟೆಯವರೆಗೆ ರೈಲೂ ಹೆದ್ದಾರಿಯೂ ಹೆಚ್ಚುಕಡಿಮೆ ಜೊತೆಜೊತೆಗೇ ಸಾಗುವುದರಿಂದ ಟವರ್ ನೋಡಿ ಏನೂ ಹೇಳಲಾಗದು. ಆಮೇಲೆ ದಾರಿ ಕವಲೊಡೆಯುತ್ತದೆ: ನೆಲಮಂಗಲ ಪೇಟೆಯ ಟವರ್ ಕಂಡರೆ ಬಸ್, ದೊಡ್ಡಬೆಲೆ ಕಂಡರೆ ರೈಲು. ಒಬ್ಬರು ಸೋಮವಾರ ಮಾತ್ರ ಬಸ್ಸು ಹತ್ತುತ್ತಿದ್ದರು. ಕೇಳಿದರೆ, ಭಾನುವಾರ ಊರಿಗೆ ಹೋಗಿ ಬಂದ ಸುಸ್ತಿಗೆ ಬೆಳಗಿನ ರೈಲು ತಪ್ಪುತ್ತದಂತೆ.

ಈ ಕೇಳುವ ಹೊತ್ತಿಗೇ ನನಗೆ ಅಳುಕು ಶುರುವಾದದ್ದು. ಸಂಖ್ಯೆ ಕೊಟ್ಟವನು ನಾನೇ ಆದರೂ ಯಾವುದು ಯಾರದೆಂಬುದನ್ನು ಬೇಕೆಂದೇ ಮರೆತಿದ್ದೆ. ಎರಡು ದಿನದ ಜಾಡು ನೋಡುವಷ್ಟರಲ್ಲಿ ಹನ್ನೊಂದರಲ್ಲಿ ಎಂಟು ಜನರ ಗುರುತು ಹತ್ತಿತು. 15 ಲಕ್ಷ ಜನರ ಮೊಬೈಲ್ ದಾಖಲೆ ಆಧರಿಸಿ 2013ರಲ್ಲಿ ಬಂದ ಅಧ್ಯಯನವೊಂದು, ಸ್ಥಳ ಮತ್ತು ಸಮಯದ ನಾಲ್ಕೇ ನಾಲ್ಕು ಬಿಂದು ಸಾಕು, ಶೇ 95ರಷ್ಟು ಮಂದಿಯನ್ನು ಉಳಿದವರಿಂದ ಬೇರ್ಪಡಿಸಬಹುದು ಎಂದು ತೋರಿಸಿತ್ತು. ಓದಿದಾಗ ಅದು ಬರೀ ಅಂಕಿಯಾಗಿತ್ತು. ಅಂದೇ ಮೂಲ ಕಡತಗಳನ್ನು ಅಳಿಸಿ, ಗಂಟೆವಾರು ಮೊತ್ತಗಳನ್ನು ಮಾತ್ರ ಉಳಿಸಿಕೊಂಡೆ.

ಅಳಿಸುವ ಮುನ್ನ ಒಂದೇ ಒಂದು ಒಗಟು ಬಾಕಿಯಿತ್ತು. ಒಂಬತ್ತನೆಯವರು ವಾರದಲ್ಲಿ ಎರಡು ರಾತ್ರಿ ಅಂತರಸನಹಳ್ಳಿ ಮಾರುಕಟ್ಟೆಯಲ್ಲೇ ತಂಗುತ್ತಿದ್ದರು. ತರಕಾರಿ ಲೋಡು ಇಳಿಸಲು ಇರಬೇಕೆಂದು ಟಿಪ್ಪಣಿಯನ್ನೂ ಬರೆದಿದ್ದೆ. ಕೇಳಿದಾಗ ಅವರು ನಕ್ಕರು: “ನಾನೆಲ್ಲಿ ತಂಗಿದೆ? ಫೋನನ್ನು ಮಂಡಿಯಲ್ಲಿ ಚಾರ್ಜಿಗೆ ಹಾಕಿ ಮರೆತು ಮನೆಗೆ ಹೋಗಿರುತ್ತೇನೆ.”